ನಿಜಶರಣ ಅಂಬಿಗರ ಚೌಡಯ್ಯ

ರಾಣೆಬೆನ್ನೂರು ತಾಲೂಕಿನ ಚೌಡದಾನಪುರವು ತುಂಗಭದ್ರೆಯ ದಂಡೆಯ ಮೇಲಿನ ಊರು. ಹನ್ನೆರಡನೆಯ ಶತಮಾನದಲ್ಲಿ ಈ ಹೊಳೆಯಲ್ಲಿ ದೋಣಿ ನಡೆಸಿ ಜನರನ್ನು ದಾಟಿಸುತ್ತಿದ್ದ ಕಾಯಕಜೀವಿಯೇ ಅಂಬಿಗರ ಚೌಡಯ್ಯನವರು. ಬಸವಣ್ಣನವರ ಸಮಕಾಲೀನರಾದ ಇವರನ್ನು ನಾಡು ನಿಜಶರಣರೆಂದು ಗೌರವಿಸಿದೆ. ಅವರ ಬಾಳಿನ ನಿಲವನ್ನು ತಿಳಿಯಲು ಅವರ ವಚನಗಳೇ ನಮಗೆ ಮುಖ್ಯ ಆಧಾರ.

ಬಸವಣ್ಣನವರಿಗೆ ಕೂಡಲಸಂಗಮದೇವ, ಅಲ್ಲಮಪ್ರಭುಗಳಿಗೆ ಗುಹೇಶ್ವರ, ಅಕ್ಕಮಹಾದೇವಿಗೆ ಚೆನ್ನಮಲ್ಲಿಕಾರ್ಜುನ ಎಂಬುದು ವಚನಾಂಕಿತ. ಇಷ್ಟದೈವದ ಹೆಸರು ಬರುವ ಆ ಸ್ಥಾನದಲ್ಲಿ ಚೌಡಯ್ಯನವರು ಇಟ್ಟದ್ದು ತಮ್ಮ ಹೆಸರನ್ನೇ. ಅದೂ ಕಾಯಕದ ಸಮೇತ. ಇದನ್ನು ಅಹಂಕಾರವೆಂದು ಬಗೆದರೆ ತಪ್ಪಾದೀತು. ಕಸುಬಿನ ಹೆಸರು ಹೀಯಾಳಿಕೆಯ ಮಾತಾಗಿದ್ದ ಕಾಲವದು. ನಡುಹೊಳೆಯಲ್ಲಿ ಅಂಬಿಗನ ಕೈಯನ್ನು ನಂಬಿ ಕುಳಿತವರು ದಡ ಸೇರಿದೊಡನೆ ಅವನ ಕುಲವನ್ನು ನೆನೆಯುವುದು ಲೋಕದ ರೂಢಿ. ಹಾಗೆ ಕೀಳೆಂದು ಎಣಿಸಿದ ಹೆಸರನ್ನೇ ಚೌಡಯ್ಯನವರು ಮುದ್ರೆಯಾಗಿ ಒತ್ತಿದರು. ತನ್ನ ದುಡಿಮೆಗೆ ನಾಚದವನು ಯಾರೆದುರೂ ಕುಗ್ಗಬೇಕಾಗಿಲ್ಲವೆಂಬ ನಿಲವು ಅದರಲ್ಲಿದೆ. ಕುಲಗಳು ಎಷ್ಟೇ ಇರಲಿ, ಹುಟ್ಟು, ಇರವು, ಅಳಿವು ಎಲ್ಲರಿಗೂ ಒಂದೇ ಎಂದು ಅವರು ಬಗೆದರು.

ಅವರ ಮಾತು ಬಹು ಕಟು. ವಚನಕಾರರಲ್ಲಿ ಅಷ್ಟು ಬಿರುಸಾಗಿ ನುಡಿದವರು ವಿರಳ. ನಯನಾಜೂಕಿನ ಓದುಗರಿಗೆ ಇಂದಿಗೂ ಅದು ಇರಿಸುಮುರಿಸು. ಆದರೆ ಆ ಪೆಟ್ಟು ಬಿದ್ದದ್ದು ಯಾರ ಮೇಲೆ? ವೇಷ ತೊಟ್ಟು, ದುಡಿಯದೆ ಉಣ್ಣುವವರ ಮೇಲೆ. ಅರಿವಿಲ್ಲದೆ ಗುರುವೆನಿಸಿಕೊಂಡವರ ಮೇಲೆ. ಲಿಂಗ ಧರಿಸಿದ ಮಾತ್ರಕ್ಕೆ ಅವರು ಯಾರಿಗೂ ವಿನಾಯಿತಿ ಕೊಡಲಿಲ್ಲ. ಮಠದ ನೆರಳಿನಲ್ಲಿ ಬೆಳೆದ ಸಂಸ್ಥೆಗಳು ಈ ಅಂಶವನ್ನು ಮರೆಮಾಚಬೇಕಾದ ಕಾರಣವಿಲ್ಲ. ಬಡವನ ಬಗೆಗೆ ಮಾತ್ರ ಅವರ ದನಿ ಬೇರೆ. ಉಣ್ಣುವ ಚಿಂತೆ, ಅದು ತೀರಿದರೆ ಉಡುವ ಚಿಂತೆ, ಹೀಗೆ ಮುಗಿಯದ ಬವಣೆಯನ್ನು ಅವರು ಕಂಡು ನುಡಿದಿದ್ದಾರೆ.

ಶತಮಾನಗಳ ಅನಂತರ, ನೆರೆಯ ಬ್ಯಾಡಗಿ ತಾಲೂಕಿನ ಕಾಗಿನೆಲೆಯಲ್ಲಿ ಕನಕದಾಸರು ಕುಲದ ಪ್ರಶ್ನೆಯನ್ನು ಮತ್ತೆ ಎತ್ತಿದರು. 1948ರ ಡಿಸೆಂಬರ್ 10ರಂದು ವಿಶ್ವಸಂಸ್ಥೆಯು ಅಂಗೀಕರಿಸಿದ ಮಾನವ ಹಕ್ಕುಗಳ ಘೋಷಣೆಯು ಮನುಷ್ಯನಿಗೆ ಹುಟ್ಟಿನಿಂದಲೇ ಬಂದ ಘನತೆಯನ್ನು ಹಕ್ಕುಗಳ ತಳಹದಿಯಾಗಿರಿಸಿತು. 1950ರಲ್ಲಿ ಜಾರಿಗೆ ಬಂದ ನಮ್ಮ ಸಂವಿಧಾನವು 17ನೆಯ ವಿಧಿಯಲ್ಲಿ ಅಸ್ಪೃಶ್ಯತೆಯನ್ನು ರದ್ದುಗೊಳಿಸಿತು.

ಚೌಡಯ್ಯನವರ ಸುಮಾರು 280 ವಚನಗಳು ಉಳಿದುಬಂದಿವೆ. ಜನವರಿ 21ರಂದು ಅವರ ಜಯಂತಿ ನಡೆಯುತ್ತದೆ. ಇಂದು ಹಾವೇರಿ ಜಿಲ್ಲೆಗೆ ಸೇರಿದ ಚೌಡದಾನಪುರದಲ್ಲಿ, ಹೊಳೆಯ ಬದಿಗೆ, ಮುಕ್ತೇಶ್ವರನ ಕಲ್ಲುಗುಡಿಯಿದೆ. ಊರಿನ ಹೆಸರು ಮಾತ್ರ ಅಂಬಿಗನದೆಂದು ಜನರ ನಂಬಿಕೆ.