ಅಭಿನವ ಕಾಳಿದಾಸ ಬಸವಪ್ಪಶಾಸ್ತ್ರಿಗಳು

ಕಾವ್ಯವು ಗ್ರಂಥದಲ್ಲಿ ನಿಲ್ಲುವುದು. ನಾಟಕವಾದರೋ ಜನರ ನಾಲಗೆಯಲ್ಲಿ ನಿಲ್ಲುವುದು. ಆದರೆ ನಾಟಕದ ಪದ್ಯಗಳು ಜನರ ಬಾಯಲ್ಲಿ ಉಳಿದಷ್ಟೂ ಅವುಗಳನ್ನು ರಚಿಸಿದವನ ಹೆಸರು ಮರೆವಿಗೆ ಸಲ್ಲುವುದುಂಟು. ಕನ್ನಡ ರಂಗಭೂಮಿಗೆ ಮಾತನ್ನೂ ಹಾಡನ್ನೂ ಒದಗಿಸಿಕೊಟ್ಟ ಬಸವಪ್ಪಶಾಸ್ತ್ರಿಗಳ ವಿಷಯದಲ್ಲಿ ಹೀಗಾಗಲಾಗದು. ವೀರಶೈವ ಸಮಾಜದಲ್ಲಿ ಹುಟ್ಟಿ, ಸಮಸ್ತ ಕನ್ನಡಿಗರಿಗೂ ಸಲ್ಲುವ ಕಾರ್ಯವನ್ನೆಸಗಿದ ಈ ಮಹನೀಯರ ಚರಿತ್ರೆಯು ಸ್ಮರಣೀಯವಾದುದು.

ಶಾಸ್ತ್ರಿಗಳು 1843ರಲ್ಲಿ ನಾರಸಂದ್ರವೆಂಬ ಗ್ರಾಮದಲ್ಲಿ ಜನಿಸಿದರು. ತಂದೆ ಮಹಾದೇವಶಾಸ್ತ್ರಿಗಳು ಮೈಸೂರು ಸಂಸ್ಥಾನದ ಅರಮನೆಯಲ್ಲಿ ಆಶ್ರಯ ಪಡೆದಿದ್ದ ವಿದ್ವಾಂಸರು. ಬಾಲ್ಯದಲ್ಲಿಯೇ ಪಿತೃವಿಯೋಗವಾಗಲು, ಮುಮ್ಮಡಿ ಕೃಷ್ಣರಾಜ ಒಡೆಯರ ಕೃಪೆಯು ಬಾಲಕನನ್ನು ಕಾಪಾಡಿತು. ಆ ಪ್ರಭುಗಳ ಕೈಯಿಂದ 1831ರಲ್ಲಿಯೇ ರಾಜ್ಯಭಾರವು ತಪ್ಪಿಹೋಗಿದ್ದಿತು. ಆಳುವುದಕ್ಕೆ ನಾಡಿಲ್ಲದಿದ್ದರೂ ವಿದ್ಯೆಯನ್ನು ಪೋಷಿಸುವ ಔದಾರ್ಯವು ಮಾತ್ರ ಕುಂದಿರಲಿಲ್ಲ. ಗರಳಪುರಿ ಶಾಸ್ತ್ರಿಗಳಂತಹ ಪ್ರೌಢ ವಿದ್ವಾಂಸರಲ್ಲಿ ಸಂಸ್ಕೃತವನ್ನು ವ್ಯಾಸಂಗ ಮಾಡಿದ ಬಸವಪ್ಪನವರು ತಾರುಣ್ಯದ ಆರಂಭದಲ್ಲಿಯೇ ಕೃಷ್ಣರಾಜಾಭ್ಯುದಯವೆಂಬ ಕೃತಿಯನ್ನು ರಚಿಸಿ, ತಮ್ಮನ್ನು ಸಾಕಿದ ಪ್ರಭುವಿಗೆ ಕಾಣಿಕೆಯಾಗಿ ಸಮರ್ಪಿಸಿದರು.

1868ರಲ್ಲಿ ಕೃಷ್ಣರಾಜ ಒಡೆಯರು ಸ್ವರ್ಗಸ್ಥರಾದರು. ಆಗ ಶಾಸ್ತ್ರಿಗಳಿಗೆ ಇಪ್ಪತ್ತೈದರ ಪ್ರಾಯ. ದತ್ತುಪುತ್ರರಾದ ಚಾಮರಾಜೇಂದ್ರ ಒಡೆಯರು ಇನ್ನೂ ಬಾಲಕರು. ನಾಡು ಆಂಗ್ಲ ಕಮಿಷನರರ ಆಳ್ವಿಕೆಯಲ್ಲಿದ್ದಿತು. ರಾಜಾಶ್ರಯವನ್ನೇ ನಂಬಿದ ಕವಿಗೆ ಅದೊಂದು ಪರೀಕ್ಷೆಯ ಕಾಲ. 1881ರಲ್ಲಿ ರಾಜ್ಯವು ಮರಳಿ ಒಡೆಯರ ವಂಶಕ್ಕೆ ಸಂದಿತು. ಸಂಗೀತಸಾಹಿತ್ಯಗಳಲ್ಲಿ ಆಸಕ್ತರಾದ ಚಾಮರಾಜೇಂದ್ರರು ಸಿಂಹಾಸನವನ್ನೇರಿದರು. ಶಾಸ್ತ್ರಿಗಳ ಜೀವಿತದ ಫಲಕಾಲವು ಅಲ್ಲಿಂದ ಮೊದಲಾಯಿತು. ಅದು ಹತ್ತು ವರುಷಗಳು ಮಾತ್ರ.

ಆ ಕಾಲದಲ್ಲಿ ಕನ್ನಡ ನಾಟಕದ ಸ್ಥಿತಿ ಹೇಗಿದ್ದಿತೆಂಬುದನ್ನು ಅರಿತಲ್ಲದೆ ಇವರ ಕಾರ್ಯದ ಬೆಲೆ ತಿಳಿಯದು. ಹಳ್ಳಿಗಳಲ್ಲಿ ಬಯಲಾಟಗಳು ಜೀವಂತವಾಗಿದ್ದುವು. ಪಂಡಿತರು ಅವುಗಳ ಕಡೆಗೆ ಕಣ್ಣೆತ್ತಿ ನೋಡುತ್ತಿರಲಿಲ್ಲ. ಕನ್ನಡದಲ್ಲಿ ಗ್ರಂಥಸ್ಥವಾದ ಹಳೆಯ ನಾಟಕವೆಂದರೆ ಚಿಕದೇವರಾಜರ ಕಾಲದ ಸಿಂಗರಾರ್ಯನ ಮಿತ್ರವಿಂದಾಗೋವಿಂದವೊಂದೇ ಎನ್ನುವಂತಿದ್ದಿತು. ಅದೂ ಶ್ರೀಹರ್ಷನ ರತ್ನಾವಳಿಯ ರೂಪಾಂತರ. ಧಾರವಾಡದ ಸೀಮೆಯಲ್ಲಿ ಚುರಮುರಿ ಶೇಷಗಿರಿರಾಯರು ಶಾಕುಂತಲವನ್ನು ಕನ್ನಡಿಸಿದ್ದರು; ಶಾಂತಕವಿಗಳು ನಾಟಕಮಂಡಲಿಯನ್ನು ಕಟ್ಟಿ ದುಡಿಯುತ್ತಿದ್ದರು. ಆದರೂ ಕನ್ನಡ ಸೀಮೆಯಲ್ಲಿ ಮರಾಠಿ ಹಾಗೂ ಪಾರ್ಸಿ ಮಂಡಲಿಗಳಿಗೆ ದೊರೆಯುತ್ತಿದ್ದ ಮನ್ನಣೆಯು ಕನ್ನಡಕ್ಕೆ ದೊರೆಯುತ್ತಿರಲಿಲ್ಲ. ಅರಸರು ತಮ್ಮ ಅರಮನೆಯಲ್ಲಿಯೇ ಶ್ರೀ ಚಾಮರಾಜೇಂದ್ರ ಕರ್ಣಾಟಕ ನಾಟಕಸಭೆಯನ್ನು ಏರ್ಪಡಿಸಿದಾಗ ವೇದಿಕೆ, ವೇಷ, ವಾದ್ಯಗಳಿಗೆ ಕೊರತೆಯಿರಲಿಲ್ಲ. ಆಡುವುದಕ್ಕೆ ತಕ್ಕ ನಾಟಕಗಳೇ ಬೇಕಾಗಿದ್ದುವು. ಆ ಕೊರತೆಯನ್ನು ತುಂಬಿದವರು ಬಸವಪ್ಪಶಾಸ್ತ್ರಿಗಳು.

ಶಾಸ್ತ್ರಜ್ಞನಾದ ಪಂಡಿತನೊಬ್ಬನು ನಟರಿಗಾಗಿ ಬರೆಯುವುದು ಆಗ ಗೌರವದ ಕೆಲಸವೆನಿಸಿರಲಿಲ್ಲ. ಶಾಸ್ತ್ರಿಗಳು ಈ ಸಂಕೋಚವನ್ನು ಬದಿಗಿರಿಸಿದರು. ಕಾಳಿದಾಸನ ಶಾಕುಂತಲ, ವಿಕ್ರಮೋರ್ವಶೀಯಗಳನ್ನೂ, ಶ್ರೀಹರ್ಷನ ರತ್ನಾವಳಿಯನ್ನೂ, ಭವಭೂತಿಯ ಉತ್ತರರಾಮಚರಿತ, ಮಾಲತೀಮಾಧವಗಳನ್ನೂ, ಹರಿಶ್ಚಂದ್ರನ ಕಥೆಯಾದ ಚಂಡಕೌಶಿಕವನ್ನೂ ಕನ್ನಡಕ್ಕೆ ತಂದರು. ಮೂಲದ ಶ್ಲೋಕಗಳನ್ನು ಕಂದವೃತ್ತಗಳಲ್ಲಿ ಹೆಣೆದರು. ರಂಗಕ್ಕೆ ಅವಶ್ಯಕವಾದೆಡೆಗಳಲ್ಲಿ ರಾಗತಾಳಬದ್ಧವಾದ ಹಾಡುಗಳನ್ನೂ ಸೇರಿಸಿದರು. ಓದುವವನಿಗೆ ಅರ್ಥವಾದರೆ ಸಾಲದು, ಹಾಡುವವನ ಕಂಠಕ್ಕೂ ಒಗ್ಗಬೇಕು ಎಂಬ ವಿವೇಕವು ಅವರಲ್ಲಿದ್ದಿತು. ಇಂದಿನ ಓದುಗನಿಗೆ ಆ ವೃತ್ತಗಳಲ್ಲಿನ ಸಂಸ್ಕೃತಪದಗಳ ಬಾಹುಳ್ಯವು ತುಸು ಭಾರವಾಗಿ ತೋರಬಹುದು. ಆದರೆ ಅವು ಕಿವಿಗಾಗಿ ಹುಟ್ಟಿದ ಪದ್ಯಗಳೆಂಬುದನ್ನು ಮರೆಯಬಾರದು.

ಇವೆಲ್ಲದರಲ್ಲಿ ಶಾಕುಂತಲವೇ ಮುಕುಟಪ್ರಾಯವಾದುದು. ಅಷ್ಟಮೂರ್ತಿಯಾದ ಪರಶಿವನ ಸ್ತುತಿಯಿಂದ ಮೊದಲಾಗುವ ಆ ನಾಟಕವು ಶಿವಭಕ್ತನಾದ ಈ ಕವಿಯ ಹೃದಯವನ್ನು ಸೆಳೆದುದು ಸಹಜವೇ ಸರಿ. ಸಾಕುಮಗಳನ್ನು ಪತಿಗೃಹಕ್ಕೆ ಕಳುಹಿಸುವ ಕಣ್ವಮಹರ್ಷಿಯ ದುಃಖವನ್ನು, ಬಾಲ್ಯದಲ್ಲಿ ತಂದೆಯನ್ನು ಕಳೆದುಕೊಂಡು ಪರರ ವಾತ್ಸಲ್ಯದಲ್ಲಿ ಬೆಳೆದ ಕವಿಯು ಕನ್ನಡದಲ್ಲಿ ನುಡಿಸಿದನೆಂಬುದೂ ಗಮನಾರ್ಹವಾಗಿದೆ. ಚಾಮರಾಜೇಂದ್ರರು ಮೆಚ್ಚಿ ಶಾಸ್ತ್ರಿಗಳಿಗೆ ಅಭಿನವ ಕಾಳಿದಾಸನೆಂಬ ಬಿರುದನ್ನಿತ್ತು ಮನ್ನಿಸಿದರು.

ಇನ್ನೊಂದು ಸಾಹಸವು ಇದಕ್ಕಿಂತಲೂ ಆಶ್ಚರ್ಯಕರವಾದುದು. ಶಾಸ್ತ್ರಿಗಳು ಇಂಗ್ಲಿಷ್ ಅರಿತವರಲ್ಲ. ಆದರೂ ಷೇಕ್ಸ್‌ಪಿಯರ್ ಮಹಾಕವಿಯ ಒಥೆಲೊ ನಾಟಕವು ಶೂರಸೇನ ಚರಿತ್ರೆಯೆಂಬ ಹೆಸರಿನಿಂದ ಇವರ ಲೇಖನಿಯಲ್ಲಿ ಕನ್ನಡವಾಯಿತು. ಸಿ. ಸುಬ್ಬರಾಯರು ಮೂಲದ ಅರ್ಥವನ್ನು ತಿಳಿಸಿಕೊಡಲು, ಶಾಸ್ತ್ರಿಗಳು ಅದನ್ನು ಭಾರತೀಯ ನಾಮರೂಪಗಳಲ್ಲಿ ಎರಕಹೊಯ್ದರು. ಸಂದೇಹವೆಂಬ ವಿಷವು ವೀರನೊಬ್ಬನ ಮನೆಯನ್ನು ಸುಡುವ ಆ ಕಥೆಗೆ ಭಾಷೆಯ ಗೋಡೆಯು ಅಡ್ಡಿಯಾಗಲಿಲ್ಲ. ಒಬ್ಬನ ಇಂಗ್ಲಿಷ್, ಮತ್ತೊಬ್ಬನ ಕವಿತ್ವ ಇವೆರಡೂ ಅಸೂಯೆಯಿಲ್ಲದೆ ಕೂಡಿದಾಗ ನುಡಿಗೆ ಎಂತಹ ಲಾಭವುಂಟಾಗುವುದೆಂಬುದಕ್ಕೆ ಇದು ನಿದರ್ಶನ.

ನಾಟಕಗಳಲ್ಲದೆ ದಮಯಂತೀಸ್ವಯಂವರ, ಸಾವಿತ್ರೀಚರಿತ್ರೆ ಮೊದಲಾದ ಕಾವ್ಯಗಳನ್ನೂ ಶಾಸ್ತ್ರಿಗಳು ರಚಿಸಿರುವರು. ಕಾಯೌ ಶ್ರೀಗೌರಿ ಎಂಬ ಅವರ ಗೀತವು ಮೈಸೂರು ಸಂಸ್ಥಾನದ ನಾಡಗೀತವಾಗಿ, ಸಂಸ್ಥಾನವಿದ್ದಷ್ಟು ಕಾಲ ಮೊಳಗಿತು. ಶಿವನ ಅರ್ಧಾಂಗಿಯಾದ ಜಗನ್ಮಾತೆಯನ್ನು ಕುರಿತ ಆ ಪ್ರಾರ್ಥನೆಯನ್ನು ಹಾಡುತ್ತಿದ್ದ ಸಾವಿರಾರು ಮಂದಿಯಲ್ಲಿ ಎಷ್ಟು ಜನರಿಗೆ ಕವಿಯ ಹೆಸರು ತಿಳಿದಿದ್ದಿತೋ!

1891ರಲ್ಲಿ, ನಲವತ್ತೆಂಟನೆಯ ವಯಸ್ಸಿನಲ್ಲಿಯೇ, ಶಾಸ್ತ್ರಿಗಳು ಲಿಂಗೈಕ್ಯರಾದರು. ಮೂರೇ ವರ್ಷಗಳಲ್ಲಿ, 1894ರಲ್ಲಿ, ಚಾಮರಾಜೇಂದ್ರರೂ ಕಲ್ಕತ್ತೆಯಲ್ಲಿ ಅಕಾಲದಲ್ಲಿ ತೀರಿಕೊಂಡರು. ಪೋಷಕನೂ ಕವಿಯೂ ಹೋದರು. ಆದರೆ ಅವರು ನೆಟ್ಟ ಸಸಿಯು ಬಾಡಲಿಲ್ಲ. ಮುಂದೆ ವರದಾಚಾರ್ಯರ ಮಂಡಲಿಯು ರತ್ನಾವಳಿಯ ಹೆಸರನ್ನೇ ಹೊತ್ತು ಮೆರೆಯಿತು. ಗುಬ್ಬಿಯ ವೀರಣ್ಣನವರಂತಹ ಕಲಾವಿದರಿಂದ ಕನ್ನಡ ರಂಗಭೂಮಿಯು ದಕ್ಷಿಣದೇಶದಲ್ಲೆಲ್ಲ ಕೀರ್ತಿಯನ್ನು ಗಳಿಸಿತು.

ಕಾಯಕವು ಚಿಕ್ಕದು ದೊಡ್ಡದೆಂಬ ಭೇದವನ್ನು ಶಿವಶರಣರು ಎಣಿಸಲಿಲ್ಲ. ಪಂಡಿತಸಭೆಯಲ್ಲಿ ಅಗ್ರಪೀಠಕ್ಕೆ ಅರ್ಹರಾದ ಶಾಸ್ತ್ರಿಗಳು ನಟರ ಬಾಯಿಗೆ ಮಾತನ್ನು ಕೊಡುವ ಕಾಯಕವನ್ನು ಶ್ರದ್ಧೆಯಿಂದ ನಡೆಸಿದರು. ತನ್ನ ನುಡಿಯನ್ನು ಮೇಲೆತ್ತಿದವನ ಹೆಸರನ್ನು ಉಳಿಸಿಕೊಳ್ಳುವುದು ಆ ನುಡಿಯನ್ನಾಡುವವರ ಕರ್ತವ್ಯವಾಗಿದೆ.