ಕಲೆಗಳುಳ್ಳ ಮುಖ: ಚಿತ್ರಕಾರ ಎಫ್. ಎನ್. ಸೋಜಾ

ಗೋವೆಯ ಬಾರ್ದೇಶ ತಾಲೂಕಿನ ಸಾಲಿಗಾಂವ್ ಗ್ರಾಮದಲ್ಲಿ 1924ರ ಏಪ್ರಿಲ್ 12ರಂದು ಹುಟ್ಟಿದ ಆ ಶಿಶುವಿನ ತಂದೆ ಕೆಲವೇ ತಿಂಗಳುಗಳಲ್ಲಿ ತೀರಿಕೊಂಡರು. ಅಕ್ಕನೂ ಬದುಕಲಿಲ್ಲ. ಉಳಿದ ಒಬ್ಬನೇ ಮಗನಿಗೆ ಸಿಡುಬು ತಗುಲಿತು. ಮರಾಠಿಗರು ದೇವಿ ಎಂದೂ ಕನ್ನಡಿಗರು ಅಮ್ಮ ಎಂದೂ ಭಯಭಕ್ತಿಯಿಂದ ಕರೆಯುತ್ತಿದ್ದ ರೋಗ ಅದು. ಮಗ ಬದುಕಿದರೆ ಅವನನ್ನು ಪಾದ್ರಿಯಾಗಿಸುವೆನೆಂದು ತಾಯಿ ಸಂತ ಫ್ರಾನ್ಸಿಸ್ ಝೇವಿಯರರಿಗೆ ಹರಕೆ ಹೊತ್ತರು. ಮಗ ಬದುಕಿದ. ಸಂತರ ಹೆಸರು ಅವನ ಹೆಸರಿಗೆ ಸೇರಿ ಫ್ರಾನ್ಸಿಸ್ ನ್ಯೂಟನ್ ಸೋಜಾ ಎಂದಾಯಿತು. ಸಿಡುಬಿನ ಕುಳಿಗಳು ಮುಖದ ಮೇಲೆ ಶಾಶ್ವತವಾಗಿ ನಿಂತವು. ಪಾದ್ರಿತನವೊಂದು ಕೂಡಿಬರಲಿಲ್ಲ.

ತಾಯಿ ಮುಂಬಯಿಯಲ್ಲಿ ಹೊಲಿಗೆಯಿಂದ ಜೀವನ ಸಾಗಿಸಿದರು. ಗೋವೆಯ ಇಗರ್ಜಿಗಳಲ್ಲಿ ಬಾಲಕ ಕಂಡ ಸಂತರ ಮೂರ್ತಿಗಳು ಗಾಯಗೊಂಡಿದ್ದರೂ ನುಣುಪಾದ, ಗೌರವರ್ಣದ, ಸುಂದರ ದೇಹದವು. ಕನ್ನಡಿಯೊಳಗಿನ ತನ್ನ ಮುಖಕ್ಕೂ ಆ ಮೂರ್ತಿಗಳಿಗೂ ಇದ್ದ ಅಂತರ ಅವನಿಗೆ ತಿಳಿಯದೆ ಇದ್ದೀತೇ? ಬಹುಕಾಲದ ನಂತರ, 1959ರಲ್ಲಿ ಲಂಡನ್ನಿನಲ್ಲಿ ಪ್ರಕಟವಾದ ‘ವರ್ಡ್ಸ್ ಅಂಡ್ ಲೈನ್ಸ್’ ಎಂಬ ಪುಸ್ತಕದಲ್ಲಿ ಸೋಜಾ ತಮ್ಮ ಬಾಲ್ಯವನ್ನು ಯಾವ ಮಮತೆಯನ್ನೂ ಬೆರೆಸದೆ ಬರೆದರು. ಮೂಗು, ಕಿವಿ ಸೋರುವ, ಹಿರಿಯರಿಗೂ ಓರಗೆಯ ಮಕ್ಕಳಿಗೂ ಹೆದರುವ ಬಡಕಲು ಮಗುವೊಂದು ಅಲ್ಲಿ ಕಾಣುತ್ತದೆ.

1940ರಲ್ಲಿ ಜೆ.ಜೆ. ಕಲಾಶಾಲೆ ಸೇರಿದರು; ಸ್ವಾತಂತ್ರ್ಯ ಚಳವಳಿಯ ಕಾವಿನಲ್ಲಿ 1945ರಲ್ಲಿ ಅಲ್ಲಿಂದ ಹೊರಹಾಕಲ್ಪಟ್ಟರು. 1947ರಲ್ಲಿ ರಝಾ, ಹುಸೇನ್, ಆರಾ, ಗಾಡೆ, ಬಾಕ್ರೆ ಅವರೊಡನೆ ಪ್ರಗತಿಶೀಲ ಕಲಾವಿದರ ಬಳಗ ಕಟ್ಟಿದ ಸಂಗತಿ ಸುಪ್ರಸಿದ್ಧ. ಅದಕ್ಕಿಂತ ಇಲ್ಲಿ ಮುಖ್ಯವಾದುದು ಇಪ್ಪತ್ತೈದರ ಹರೆಯದಲ್ಲಿ ಅವರು ಮಾಡಿದ ಒಂದು ಕೆಲಸ. ನಗ್ನವಾಗಿ ನಿಂತ ತಮ್ಮದೇ ಪೂರ್ಣದೇಹದ ಚಿತ್ರ ಬರೆದು ಮುಂಬಯಿಯ ಪ್ರದರ್ಶನದಲ್ಲಿಟ್ಟರು. ನಗ್ನ ಸ್ತ್ರೀಯ ಚಿತ್ರಗಳನ್ನು ತಣ್ಣಗೆ ನೋಡಬಲ್ಲ ಸಭ್ಯರಿಗೆ ಚಿತ್ರಕಾರನ ಸ್ವಂತ ದೇಹ ಸಹನೆಯಾಗಲಿಲ್ಲ. ಅಶ್ಲೀಲವೆಂಬ ದೂರು ಎದ್ದಿತು. ಪೊಲೀಸರು ಮನೆ ಶೋಧಿಸಿದರು. ಅದೇ 1949ರಲ್ಲಿ ಅವರು ಲಂಡನ್ನಿಗೆ ಹೊರಟರು.

ಕೆಲವು ವರ್ಷ ಅಲ್ಲಿ ಕಡುಬಡತನ. ಪತ್ನಿ ಮರಿಯಾರ ದುಡಿಮೆಯೇ ಆಸರೆ. 1955ರಲ್ಲಿ ಗ್ಯಾಲರಿ ವನ್ ಎಂಬಲ್ಲಿ ನಡೆದ ಪ್ರದರ್ಶನ ಹೆಸರು ತಂದಿತು. ಆ ವರ್ಷದ ಒಂದು ಚಿತ್ರ ‘ಮಿಸ್ಟರ್ ಸೆಬಾಸ್ಟಿಯನ್’. ಬಾಣಗಳಿಗೆ ಮೈಯೊಡ್ಡಿದ ಸಂತ ಸೆಬಾಸ್ಟಿಯನ್ನನನ್ನು ಯುರೋಪಿನ ಚಿತ್ರಕಾರರು ತಲೆಮಾರುಗಳಿಂದ ಸುಂದರ ತರುಣನನ್ನಾಗಿಯೇ ಬರೆದಿದ್ದರು. ಸೋಜಾರವನು ಕೋಟು ತೊಟ್ಟ ಸಾಮಾನ್ಯ ನಗರವಾಸಿ. ಬಾಣಗಳು ನಾಟಿರುವುದು ಮುಖಕ್ಕೆ, ಕುತ್ತಿಗೆಗೆ. ಈಗ ಲಂಡನ್ನಿನ ಟೇಟ್ ಸಂಗ್ರಹದಲ್ಲಿರುವ 1959ರ ಶಿಲುಬೆಯ ಚಿತ್ರದಲ್ಲಿ ಕ್ರಿಸ್ತನೂ ಕಪ್ಪಗೆ, ಮುಳ್ಳುಮುಳ್ಳಾಗಿ ನಿಂತಿದ್ದಾನೆ. ಇಗರ್ಜಿಯ ನುಣುಪು ದೇಹಗಳನ್ನು ಅಳತೆಗೋಲಾಗಿ ಇಟ್ಟುಕೊಳ್ಳುವುದನ್ನು ಸೋಜಾ ಬಿಟ್ಟುಕೊಟ್ಟಿದ್ದು ಹೀಗೆ. ಕನ್ನಡದಲ್ಲಿ ಗಾಯದ ಗುರುತಿಗೂ ಚಿತ್ರಶಿಲ್ಪಾದಿಗಳಿಗೂ ಕಲೆ ಎಂಬ ಒಂದೇ ರೂಪವಿದೆ. ಮೂಲ ಬೇರೆ: ಒಂದು ದೇಶ್ಯ, ಇನ್ನೊಂದು ಸಂಸ್ಕೃತಜನ್ಯ. ಸೋಜಾರ ಮಟ್ಟಿಗೆ ಎರಡನ್ನೂ ಬಿಡಿಸಿ ನೋಡುವುದು ಕಷ್ಟ.

ಆದರೆ ಅವರನ್ನು ಪೂರ್ಣ ಬಿಡುಗಡೆ ಪಡೆದವರೆಂದು ಕೊಂಡಾಡುವಂತಿಲ್ಲ. ತಮ್ಮ ಮುಖಕ್ಕೆ ಸಲ್ಲಿಸಿದ ನ್ಯಾಯವನ್ನು ತಾವು ಬರೆದ ಸ್ತ್ರೀದೇಹಗಳಿಗೆ ಅವರು ಸಲ್ಲಿಸಿದರೇ ಎಂಬ ಆಕ್ಷೇಪ ಹಳೆಯದು. ಅದರಲ್ಲಿ ಹುರುಳೂ ಇದೆ. ರೂಪದ ಹೋಲಿಕೆ ಬಿಟ್ಟುಹೋದರೂ ಕೀರ್ತಿಯ ಹೋಲಿಕೆ ಬಿಡಲಿಲ್ಲ. ಪಿಕಾಸೊ ತೀರಿಕೊಂಡ ಮೇಲೆ ತಾನೇ ಎಲ್ಲರಿಗಿಂತ ದೊಡ್ಡ ಚಿತ್ರಕಾರನೆಂದು ಹೇಳಿಕೊಳ್ಳುತ್ತಿದ್ದರೆಂಬ ಮಾತು ಪ್ರಚಲಿತವಾಗಿದೆ.

1967ರಲ್ಲಿ ನ್ಯೂಯಾರ್ಕಿಗೆ ಹೋಗಿ ನೆಲೆಸಿದರು. ಚಿತ್ರಗಳಿಗೆ ಕೋಟಿಗಳ ಬೆಲೆ ಬಂದದ್ದು ಮರಣಾನಂತರ. 2002ರ ಮಾರ್ಚ್ 28ರಂದು, ತಾಯಿ ಬಟ್ಟೆ ಹೊಲಿದು ತಮ್ಮನ್ನು ಸಾಕಿದ ಮುಂಬಯಿಯಲ್ಲೇ ಸೋಜಾ ತೀರಿಕೊಂಡರು.