ಕುದುರೆಯೇರಿ ಚರಿತ್ರೆ ಹೇಳಿದ ರಿಚರ್ಡ್ ಹೋಮ್ಸ್

ಬೀರೂರು, ಅಜ್ಜಂಪುರ ಕಡೆಯವರಿಗೆ ಅಮೃತಮಹಲ್ ಕಾವಲು ಹೊಸದಲ್ಲ. ಉದ್ದ ಕೊಂಬಿನ ಆ ದನಗಳು ಹೊಲ ಉಳುವುದಕ್ಕಷ್ಟೇ ಇದ್ದವಲ್ಲ. ಹೈದರ್ ಮತ್ತು ಟಿಪ್ಪುವಿನ ಫಿರಂಗಿ ಎಳೆದ ತಳಿ ಅದು. ಅಮೃತಮಹಲ್ ಅಂತ ಹೆಸರಿಟ್ಟದ್ದೂ ಟಿಪ್ಪುವೇ. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದಾಗ ಅವು ಕಂಪೆನಿಯ ಪಾಲಾದವು. ಅವುಗಳ ಬೆಲೆ ಅರಿತಿದ್ದವನು ಆರ್ಥರ್ ವೆಲ್ಲೆಸ್ಲಿ, ಮುಂದೆ ಡ್ಯೂಕ್ ಆಫ್ ವೆಲಿಂಗ್ಟನ್ ಆಗಿ ನೆಪೋಲಿಯನ್‌ನನ್ನು ವಾಟರ್ಲೂನಲ್ಲಿ ಸೋಲಿಸಿದವನು. ಈ ವೆಲಿಂಗ್ಟನ್‌ನ ಬದುಕನ್ನು 2002ರಲ್ಲಿ ಪುಸ್ತಕವಾಗಿ ಬರೆದು, ಬಿಬಿಸಿ ಟಿವಿಗೂ ತಂದವರು ರಿಚರ್ಡ್ ಹೋಮ್ಸ್.

ಹೋಮ್ಸ್ ಹುಟ್ಟಿದ್ದು 1946ರಲ್ಲಿ, ಇಂಗ್ಲೆಂಡಿನಲ್ಲಿ. ಓದಿದ್ದು ಕೇಂಬ್ರಿಜ್‌ನಲ್ಲಿ. 1969ರಿಂದ ಸ್ಯಾಂಡ್‌ಹರ್ಸ್ಟ್ ಮಿಲಿಟರಿ ಅಕಾಡೆಮಿಯಲ್ಲಿ ಮೇಷ್ಟ್ರು, ಆಮೇಲೆ ಕ್ರಾನ್‌ಫೀಲ್ಡ್ ವಿಶ್ವವಿದ್ಯಾಲಯದಲ್ಲಿ ಪ್ರೊಫೆಸರ್. ಜೊತೆಗೆ ಟೆರಿಟೋರಿಯಲ್ ಆರ್ಮಿಗೆ ಸಾಮಾನ್ಯ ಸಿಪಾಯಿಯಾಗಿ ಸೇರಿ ಬ್ರಿಗೇಡಿಯರ್‌ವರೆಗೆ ಏರಿದರು.

ಸಿಪಾಯಿಯಾಗಿದ್ದದ್ದು ಅವರ ಬರವಣಿಗೆಯಲ್ಲಿ ಎದ್ದು ಕಾಣುತ್ತದೆ. ದೊರೆ, ಜನರಲ್, ಒಪ್ಪಂದ ಅಂತ ಬರೆಯುವವರು ಬೇಕಾದಷ್ಟು ಮಂದಿ ಇದ್ದಾರೆ. ಹೋಮ್ಸ್ ಕೇಳಿದ್ದು ಬೇರೆ ಪ್ರಶ್ನೆ: ಗುಂಡು ಹಾರುವಾಗ ಸಾಲಿನಲ್ಲಿ ನಿಂತವನಿಗೆ ಹೇಗಿರುತ್ತದೆ? ಹೊಟ್ಟೆಗೆ ಏನು, ಕಾಲಿಗೆ ಏನು, ಓಡಿಹೋಗದಂತೆ ತಡೆಯುವುದು ಯಾವುದು? 1985ರ ಪುಸ್ತಕಕ್ಕಾಗಿ ಫಾಕ್‌ಲ್ಯಾಂಡ್ ಯುದ್ಧದಲ್ಲಿ ಹೋರಾಡಿ ಬಂದವರನ್ನೇ ಮಾತಾಡಿಸಿದರು. 1914ರಲ್ಲಿ ಬ್ರಿಟಿಷ್ ಸೇನೆ ಮಾನ್ಸ್‌ನಿಂದ ಹಿಂದೆ ಸರಿದ ದಾರಿಯನ್ನು ಕುದುರೆಯ ಮೇಲೇ ಸವೆಸಿ ಇನ್ನೊಂದು ಪುಸ್ತಕ ಬರೆದರು. 1996ರ ವಾರ್ ವಾಕ್ಸ್ ಸಾಕ್ಷ್ಯಚಿತ್ರ ಸರಣಿಯಲ್ಲಿ ಕ್ಯಾಮೆರಾದ ಮುಂದೆ ರಣರಂಗಗಳಲ್ಲಿ ನಡೆದು ತೋರಿಸಿದ್ದೂ ಹೀಗೆಯೇ. ಪಂಡಿತರ ವಿಷಯ ಮನೆಮಂದಿಯ ಮಾತಾಯಿತು.

2005ರಲ್ಲಿ ಬಂದ ಸಾಹಿಬ್, ಭಾರತದಲ್ಲಿದ್ದ ಬ್ರಿಟಿಷ್ ಸಿಪಾಯಿಗಳ ಕಥೆ. ಅವರ ಕಾಗದ, ಡೈರಿಗಳೇ ಅದರ ಜೀವ. ನಮ್ಮವರಿಗೆ ತಕರಾರು ಹುಟ್ಟುವುದೂ ಇಲ್ಲೇ. ಟಿಪ್ಪುವಿನ ಕಡೆ ಬಿದ್ದ ಸಾಮಾನ್ಯ ಸಿಪಾಯಿ, ಫಿರಂಗಿಯ ಎತ್ತು ಹೊಡೆದವನು ಊರಿಗೆ ಬರೆದ ಕಾಗದ ಎಲ್ಲಿದೆ? ಕಿರ್ಮಾನಿ ಪರ್ಷಿಯನ್‌ನಲ್ಲಿ ಬರೆದ ನಿಶಾನ್-ಎ-ಹೈದರಿಯೂ ದೊರೆಗಳ ಕಥೆಯೇ. ಹೋಮ್ಸ್ ಹಿಡಿದ ದಾರಿ ಸರಿ, ಆದರೆ ಆ ದಾರಿಯಲ್ಲಿ ಸಿಕ್ಕಿದ್ದು ಒಂದು ಕಡೆಯ ದನಿ ಮಾತ್ರ.

ಬೀರೂರಿಗೆ ಹತ್ತಿರದ ಚನ್ನಗಿರಿಯ ಧೋಂಡಿಯಾ ವಾಘನನ್ನೇ ನೋಡಿ. ಟಿಪ್ಪುವಿನ ಸೆರೆಯಲ್ಲಿದ್ದವನು, ಪಟ್ಟಣ ಬಿದ್ದ ಗದ್ದಲದಲ್ಲಿ ಹೊರಬಂದು ದಂಡು ಕಟ್ಟಿದ. 1800ರ ಸೆಪ್ಟೆಂಬರ್‌ನಲ್ಲಿ ವೆಲ್ಲೆಸ್ಲಿಯ ಸೇನೆಯ ಕೈಯಲ್ಲಿ ಸತ್ತ. ಅವನ ಪುಟ್ಟ ಮಗ ಸಲಾಬತ್ ಖಾನನನ್ನು ಸಾಕುವ ಏರ್ಪಾಟು ಮಾಡಿದವನು ಅದೇ ವೆಲ್ಲೆಸ್ಲಿ. ದೇಶ ಬಿಟ್ಟು ಹೋಗುವಾಗ ಹುಡುಗನಿಗಾಗಿ ಹಣವನ್ನೂ ಇಟ್ಟುಹೋದ. ಧೋಂಡಿಯಾನ ದಂಡಿನಲ್ಲಿದ್ದವರ ಪಾಡು ಬರೆದಿಟ್ಟವರು ಯಾರು?

ಹೋಮ್ಸ್ ಕೊನೆಯವರೆಗೂ ಸಿಪಾಯಿಗಳನ್ನು ಬಿಡಲಿಲ್ಲ. 2004ರಲ್ಲಿ ಇರಾಕಿನಲ್ಲಿದ್ದ ತಮ್ಮ ರೆಜಿಮೆಂಟಿನ ಹುಡುಗರ ಬಗ್ಗೆ 2006ರಲ್ಲಿ ಪುಸ್ತಕ ತಂದರು. 2011ರ ಏಪ್ರಿಲ್ 30ರಂದು ಕ್ಯಾನ್ಸರ್‌ನಿಂದ ತೀರಿಕೊಂಡಾಗ ಅವರಿಗೆ 65. ಸೋಲ್ಜರ್ಸ್ ಎಂಬ ಪುಸ್ತಕ ಅವರು ಹೋದ ಮೇಲೆ ಅದೇ ವರ್ಷ ಹೊರಬಂತು.